ಗಡಿ ಮತ್ತು ಹೊಸ್ತಿಲು

ಕಳೆದ ಶ್ರಾವಣದಲ್ಲಿ ಪ್ರವಚನಕ್ಕೆಂದು ರಾಯಚೂರು ತಾಲ್ಲೂಕಿನ ಚಂದ್ರಬಂಡಕ್ಕೆ ಹೋಗಿದ್ದೆ. ಕೃಷ್ಣಾ–ತುಂಗಭದ್ರೆಯರ ನಡುವಣ ಈ ಸೀಮೆಗೆ ಎಡೆದೊರೆ ನಾಡೆಂಬುದು ಹಳೆಯ ಹೆಸರು. ಇದಕ್ಕಾಗಿ ವಿಜಯನಗರದ ಅರಸರೂ ಬಹಮನಿ ಸುಲ್ತಾನರೂ ತಲೆಮಾರುಗಳ ಕಾಲ ಕಾದಾಡಿದರು. 1520ರಲ್ಲಿ ಕೃಷ್ಣದೇವರಾಯನು ಆದಿಲ್‌ಶಾಹಿಗಳಿಂದ ರಾಯಚೂರು ಕೋಟೆಯನ್ನು ಗೆದ್ದನು. ಗೆದ್ದವರ ಎಲ್ಲೆಯೂ ಉಳಿಯಲಿಲ್ಲ, ಸೋತವರ ಎಲ್ಲೆಯೂ ಉಳಿಯಲಿಲ್ಲ.

ನಿಜಾಮರ ಆಳ್ವಿಕೆ 1948ರಲ್ಲಿ ಕೊನೆಗೊಂಡಿತು. 1956ರ ನವೆಂಬರ್ 1ರಂದು ರಾಯಚೂರು ಜಿಲ್ಲೆ ಮೈಸೂರು ರಾಜ್ಯವನ್ನು ಸೇರಿದಾಗ, ಅದೇ ಜಿಲ್ಲೆಯ ಗದ್ವಾಲ್, ಆಲಂಪುರ ತಾಲ್ಲೂಕುಗಳು ಆಂಧ್ರಪ್ರದೇಶಕ್ಕೆ ಹೋದವು. 2014ರಿಂದ ಅವು ತೆಲಂಗಾಣದಲ್ಲಿವೆ. ಆದರೂ ಎರಡೂ ಕಡೆಯವರು ಹೆಣ್ಣು ಕೊಟ್ಟು ತರುವುದು ನಿಲ್ಲಲಿಲ್ಲ.

ನನ್ನ ತಂಗಿಯನ್ನೂ ಗದ್ವಾಲ್ ಕಡೆಗೇ ಕೊಟ್ಟಿದ್ದೆವು. ಹೊಲದ ಪಾಲಿನ ವಿಷಯದಲ್ಲಿ ನಾನಾಡಿದ ಬಿರುಸು ಮಾತಿನಿಂದಾಗಿ ಹನ್ನೊಂದು ವರ್ಷ ಹೋಗಿಬರುವುದು ನಿಂತಿತ್ತು. ಇದನ್ನರಿತಿದ್ದ, ನಾನಿಳಿದಿದ್ದ ಮನೆಯ ಹಿರಿಯ ತಾಯಿ ಪ್ರಸಾದ ಬಡಿಸುತ್ತ, "ಇಲ್ಲಿತನ ಬಂದೀರಿ, ತಂಗಿ ಮನಿಗೆ ಹೋಗಂಗಿಲ್ಲೇನ್ರಿ?" ಎಂದರು. ಪ್ರವಚನ ಹೇಳುವ ಬಾಯಿಗೆ ಉತ್ತರ ದೊರೆಯಲಿಲ್ಲ.

ಮರುದಿನ ಬೆಳಿಗ್ಗೆ ಹೊರಟೆ. ರಾಜ್ಯದ ಗಡಿ ದಾಟಿದ್ದು ಅಂಗಡಿಗಳ ಫಲಕದ ಅಕ್ಷರ ಬದಲಾದಾಗಲಷ್ಟೇ ತಿಳಿಯಿತು. ತಂಗಿಯ ಹೊಸ್ತಿಲ ಮುಂದೆ ಮಾತ್ರ ಕಾಲು ತಡೆಯಿತು. ಅವಳು ಏನನ್ನೂ ಕೇಳಲಿಲ್ಲ. ಕಾಲಿಗೆ ನೀರು ತಂದಿಟ್ಟು, "ಬಾ ಅಣ್ಣಾ" ಎಂದಳು. "ತಪ್ಪು ನನ್ನದವ್ವ" ಎಂದೆ.

ಸರ್ಕಾರ ಎಳೆದ ಗೆರೆ ಆಡಳಿತಕ್ಕೆ ಬೇಕು, ಇರಲಿ. ನಾವೇ ಎಳೆದುದನ್ನು ನಾವೇ ಅಳಿಸಬೇಕು; ಮೊದಲ ಹೆಜ್ಜೆ ಇಡಬೇಕಾದವನು ಕಟುಮಾತಾಡಿದವನೇ.