ಒಂದು ನಿಮಿಷ, ಯಾರೂ ಮಾತಾಡಬೇಡಿ

ಸಿನಿಮಾ ಶುರುವಾಗುವ ಮುಂಚೆ ಸರ್ಕಾರಿ ಸಾಕ್ಷ್ಯಚಿತ್ರ ತೋರಿಸುತ್ತಿದ್ದ ಕಾಲದವನು ನಾನು. ತೆರೆಯ ಮೇಲೆ ನದಿ ಹರಿಯುತ್ತಿದ್ದರೆ ಗಡಸು ದನಿಯ ಮಹಾಶಯನೊಬ್ಬ ‘ಇದು ನದಿ, ಹರಿಯುತ್ತಿದೆ’ ಎಂದು ಮನವರಿಕೆ ಮಾಡಿಕೊಡುತ್ತಿದ್ದ. ಬಾಯಿ ತೆರೆಯುವ ಅವಕಾಶ ನದಿಗೆ ಮಾತ್ರ ಇರಲಿಲ್ಲ. ನಾವು ಕಡಲೆಕಾಯಿ ಸುಲಿಯುವ ಸದ್ದೊಂದೇ ಅಲ್ಲಿನ ಸಹಜ ಧ್ವನಿ.

ಆ ಮಹಾಶಯನನ್ನು ಹೊರಗೆ ಕೂರಿಸಿಯೂ ಸಾಕ್ಷ್ಯಚಿತ್ರ ಮಾಡಬಹುದೆಂದು ತಿಳಿದದ್ದು 1942ರ ‘ಲಿಸನ್ ಟು ಬ್ರಿಟನ್’ ನೋಡಿದಾಗ. ಹಂಫ್ರಿ ಜೆನಿಂಗ್ಸ್, ಸ್ಟುವರ್ಟ್ ಮೆಕಾಲಿಸ್ಟರ್ ಸೇರಿ ಮಾಡಿದ ಸುಮಾರು 20 ನಿಮಿಷದ ಚಿತ್ರ. ಯುದ್ಧಕಾಲ. ತೂಗುವ ಪೈರಿನ ಮೇಲೆ ಯುದ್ಧವಿಮಾನಗಳ ಮೊರೆತ. ಕಾರ್ಖಾನೆ ಕ್ಯಾಂಟೀನಿನ ಹಾಡು ಹಾಗೇ ಜಾರಿ ಮೈರಾ ಹೆಸ್ ನುಡಿಸುವ ಮೊಜಾರ್ಟ್ ಸಂಗೀತಕ್ಕೆ ಹೋಗಿ ಸೇರುತ್ತದೆ. ದೇಶ ಇನ್ನೂ ಬದುಕಿದೆ ಎಂಬುದು ಕಿವಿಗೇ ಗೊತ್ತಾಗುತ್ತದೆ. ಆದರೂ ನೋಡುವವರಿಗೆ ಅರ್ಥವಾಗದೆ ಹೋದೀತೆಂದು ಮೊದಲಿಗೊಂದು ಭಾಷಣ ಅಂಟಿಸಿದರು. ಕೇಳಿ ಎನ್ನಲಿಕ್ಕೂ ಭಾಷಣ! ನಮ್ಮಲ್ಲಿ ಎಸ್. ಸುಖದೇವ್ ‘ಇಂಡಿಯಾ 67’ರಲ್ಲಿ ನಿರೂಪಕನಿಗೆ ರಜೆಯನ್ನೇ ಕೊಟ್ಟುಬಿಟ್ಟರು.

ಸಾಕ್ಷ್ಯಚಿತ್ರ ಮಾಡುವ ಗೆಳೆಯನೊಬ್ಬ ಇಳಕಲ್ಲಿನ ನಮ್ಮ ಸೋದರತ್ತೆಯ ನೇಯ್ಗೆಯ ನೆನಪುಗಳನ್ನು ಚಿತ್ರೀಕರಿಸಲು ಬಂದಿದ್ದ. ಅವನ ಸೌಂಡ್ ರೆಕಾರ್ಡಿಸ್ಟ್ ಫ್ಯಾನು ನಿಲ್ಲಿಸಿದ. ಫ್ರಿಜ್ ಆಫ್ ಮಾಡಿ ತನ್ನ ಬೈಕಿನ ಕೀಲಿಯನ್ನು ಅದರೊಳಗಿಟ್ಟ. ಹೊರಡುವಾಗ ಕೀಲಿ ಹುಡುಕಿದರೆ ಫ್ರಿಜ್ ಹಾಕುವುದು ತಾನಾಗಿ ನೆನಪಾಗುತ್ತದೆ. ಆ ಕಸುಬಿನವರ ಹಳೆಯ ಉಪಾಯವದು. ಕೊನೆಗೆ, ‘ಒಂದು ನಿಮಿಷ, ಯಾರೂ ಮಾತಾಡಬೇಡಿ, ರೂಮ್ ಟೋನ್ ಬೇಕು’ ಎಂದ. ಎಲ್ಲರೂ ತಲೆ ತಗ್ಗಿಸಿ ನಿಂತೆವು. ಅತ್ತೆ ಗಾಬರಿಯಿಂದ ಕೇಳಿದಳು: ‘ಯಾರು ತೀರಿಕೊಂಡ್ರೋ ತಮ್ಮಾ?’

ಮತ್ತೆ ಮೊದಲಿನಿಂದ ಒಂದು ನಿಮಿಷ.

ಯಾವ ಕೋಣೆಯೂ ಪೂರ್ತಿ ಮೂಕವಾಗಿರುವುದಿಲ್ಲ. ಗೋಡೆ, ಮಾಡು, ಕಿಟಕಿಯಾಚೆಯ ಓಣಿ ಎಲ್ಲ ಸೇರಿ ಅದರದೇ ಒಂದು ಸಣ್ಣ ಗುಂಯ್ ಇರುತ್ತದೆ. ರೂಮ್ ಟೋನ್ ಅಂದರೆ ಅದೇ. ಸಂಕಲನದಲ್ಲಿ ಮಾತು ಕತ್ತರಿಸಿದ ಕಡೆ ಅದೂ ನಿಂತುಹೋದರೆ ನೋಡುವವರು ಟಿವಿ ಕೆಟ್ಟಿತೆಂದು ರಿಮೋಟ್ ಕುಟ್ಟುತ್ತಾರೆ. ಅಂಥ ಜಾಗಕ್ಕೆ ಅದೇ ಕೋಣೆಯ ಸದ್ದಿನ ತೇಪೆ ಹಾಕುತ್ತಾರೆ.

ಆ ರೆಕಾರ್ಡಿಸ್ಟ್ ಹುಡುಗನ ನಿಜವಾದ ಕೈಚಳಕ ಕಂಡದ್ದು ಚಿತ್ರ ಸಿದ್ಧವಾದ ಮೇಲೆ. ಅತ್ತೆ ಸುಮ್ಮನೆ ಕೂತಿದ್ದಾಳೆ. ಎಲ್ಲಿಂದಲೋ ಮಗ್ಗದ ಸದ್ದು, ಲಾಳಿ ಅತ್ತಿಂದಿತ್ತ ಓಡುತ್ತಿದೆ. ಮಗ್ಗ ತೆರೆಯ ಮೇಲಿಲ್ಲ. ಮನೆಯಲ್ಲೂ ಇಲ್ಲ, ಮಾರಿ ಕಾಲವಾಯಿತು. ಹಿಂದಿನ ಓಣಿಯಲ್ಲಿ ಯಾರೋ ನೇಯುತ್ತಿದ್ದ ಸದ್ದನ್ನು ಹಿಡಿದು ತಂದು ಅವಳ ಮೌನದಡಿಗೆ ಹಾಸಿದ್ದ. ನನ್ನ ಗಂಟಲು ಕಟ್ಟಿತು. ಅತ್ತೆಗೆ ಅದೆಲ್ಲ ಏನಿಲ್ಲ. ‘ಇದು ನಮ್ಮ ಮಗ್ಗ ಅಲ್ಲ ಬಿಡು. ನಮ್ಮದು ಬಲಕ್ಕ ಹೋಗೂ ಮುಂದ ಕಿರ್ ಅಂತಿತ್ತು. ನಿಮ್ಮ ಮಾಮಾ ಎಣ್ಣಿ ಬಿಡ್ತೀನಿ, ಬಿಡ್ತೀನಿ ಅನಕೋತನ ಹೋಗಿಬಿಟ್ರು’ ಎಂದು ತೀರ್ಪು ಕೊಟ್ಟಳು.

ಆ ಕಿರ್ ಈಗ ಅತ್ತೆಯ ಕಿವಿಯಲ್ಲಿ ಬಿಟ್ಟರೆ ಇನ್ನೆಲ್ಲೂ ಇಲ್ಲ. ಮದುವೆ, ಸೀಮಂತ, ಗೃಹಪ್ರವೇಶಗಳ ಆಲ್ಬಮ್ಮುಗಳಿಂದ ನಮ್ಮ ಕಪಾಟು ತುಂಬಿದೆ. ಬಾವಿಯ ರಾಟೆ ಫೋಟೋದಲ್ಲಿದೆ, ಅದರ ಕೂಗಿಲ್ಲ. ಈಗಂತೂ ಎಲ್ಲರ ಕೈಯಲ್ಲೂ ಫೋನಿದೆ. ಇವತ್ತೇ ನಿಮ್ಮ ಮನೆಯ ಒಂದು ನಿಮಿಷವನ್ನು ಹಿಡಿದಿಡಿ: ಒಗ್ಗರಣೆಯ ಚಟಪಟ, ಅಪ್ಪನ ಕೆಮ್ಮು, ಹಿತ್ತಿಲ ಬಾಗಿಲಿನ ನರಳಾಟ. ಬಾಗಿಲಿಗೆ ಎಣ್ಣೆ ಆಮೇಲೆ ಬಿಡಿ.