ಹಕ್ಕಲು ಆಯ್ದ ನಿರ್ದೇಶಕಿ

ಕಡ್ಲೇಕಾಯಿ ಕಿತ್ತು ಮುಗಿದ ಹೊಲದಲ್ಲಿ ಮಣ್ಣು ಕೆದಕಿ, ಉಳಿದ ಕಾಯಿ ಆರಿಸಿಕೊಳ್ಳೋದಕ್ಕೆ ನಮ್ಮ ಕಡೆ ಹಕ್ಕಲು ಆಯೋದು ಅಂತಾರೆ. ಸ್ವಂತ ಹೊಲ ಇದ್ದವರು ಆಯ್ತಿರಲಿಲ್ಲ. ನಮ್ಮವ್ವ ಆಯ್ತಿದ್ದಳು.

ಇದೇ ಕೆಲಸದ ಮೇಲೆ ಫ್ರಾನ್ಸಿನಲ್ಲಿ ಒಬ್ಬಾಕೆ ಸಿನಿಮಾ ಮಾಡಿದ್ದಾರೆ: ಆನ್ಯೆಸ್ ವಾರ್ದಾ, 'ದಿ ಗ್ಲೀನರ್ಸ್ ಅಂಡ್ ಐ', 2000ನೇ ಇಸವಿ. ಆಗ ಅವರಿಗೆ 70 ದಾಟಿತ್ತು. ಕೈಯಲ್ಲಿ ಹಿಡಿಯೋ ಸಣ್ಣ ಡಿಜಿಟಲ್ ಕ್ಯಾಮೆರಾ ತಗೊಂಡು, ಸೂಪರ್ ಮಾರ್ಕೆಟ್ಟಿಗೆ ಬೇಡವಾಗಿ ಹೊಲದಲ್ಲಿ ಸುರಿದ ಸೊಟ್ಟ ಆಲೂಗಡ್ಡೆ ಆಯುವವರ ಹಿಂದೆ ಓಡಾಡಿದರು.

ವಾರ್ದಾ ಮೂಲತಃ ಫೋಟೋಗ್ರಾಫರ್. ಸಿನಿಮಾ ಕಲಿತವರಲ್ಲ. 1955ರ ಮೊದಲ ಚಿತ್ರ 'ಲಾ ಪ್ವಾಂತ್ ಕೂರ್ತ್'ನಲ್ಲಿ ಗಂಡ-ಹೆಂಡತಿಯ ಕಟ್ಟುಕಥೆ ಒಂದು ಕಡೆ, ಅಲ್ಲಿನ ನಿಜವಾದ ಮೀನುಗಾರರ ಬದುಕು ಇನ್ನೊಂದು ಕಡೆ. ಕಥಾಚಿತ್ರ, ಸಾಕ್ಷ್ಯಚಿತ್ರ ಅನ್ನೋ ಗೋಡೆಗೆ ಅವರು ಅವತ್ತೂ ಬೆಲೆ ಕೊಡಲಿಲ್ಲ, ಆಮೇಲೂ ಕೊಡಲಿಲ್ಲ. ವೆನಿಸ್‌ನಲ್ಲಿ ಗೋಲ್ಡನ್ ಲಯನ್ ಗೆದ್ದ 1985ರ 'ವ್ಯಾಗಬಾಂಡ್' ಕಥಾಚಿತ್ರವೇ, ಆದರೆ ಸಾಕ್ಷಿ ಹೇಳೋರ ಹಾಗೆ ಜನ ಕ್ಯಾಮೆರಾಗೆ ಮಾತಾಡ್ತಾರೆ.

ನನಗೆ ಹೆಚ್ಚು ಇಷ್ಟವಾಗೋದು 70ರ ದಶಕದ 'ದಾಗೆರೊಟೈಪ್ಸ್' ಕಥೆ. ಮಗ ಇನ್ನೂ ಪುಟ್ಟವನು, ಮನೆ ಬಿಟ್ಟು ದೂರ ಹೋಗೋ ಹಾಗಿಲ್ಲ. ಸರಿ, ಮನೆಯಿಂದ ಕರೆಂಟಿನ ಕೇಬಲ್ ಎಳೆದು, ಅದು ಎಟಕುವಷ್ಟು ದೂರದ ಅಂಗಡಿಯವರನ್ನೇ ಚಿತ್ರಿಸಿದರು! ಲೋನ್ ತೀರಲಿ, ಆಮೇಲೆ ಡಾಕ್ಯುಮೆಂಟರಿ ಮಾಡ್ತೀನಿ ಅನ್ನೋ ನಮ್ಮ ಆಫೀಸಿನ ಗೆಳೆಯರಿಗೆ (ಅವರಲ್ಲಿ ನಾನೂ ಒಬ್ಬ) ಆ ಕೇಬಲ್ ತೋರಿಸಬೇಕು.

ಒಂದ್ಸಲ ಅವ್ವ ಬೆಂಗಳೂರಿಗೆ ಬಂದಾಗ 'ಗ್ಲೀನರ್ಸ್' ಹಾಕಿದೆ. ಭಾಷೆ ನಾನೇ ಬಿಡಿಸಿ ಹೇಳ್ತಿದ್ದೆ. ಕರಿ ಗೌನು ತೊಟ್ಟ ವಕೀಲನೊಬ್ಬ ಕೋಸಿನ ಹೊಲದಲ್ಲಿ ನಿಂತು, ಕೊಯ್ಲಾದ ಮೇಲೆ ಆಯೋದು ಕಾನೂನಿನ ಪ್ರಕಾರ ಸರಿ ಅಂತಾನೆ.

"ನಮ್ಮನ್ನ ಅಟ್ಟಿಸ್ಕೊಂಡು ಬತ್ತಿದ್ರು ಕಣಪ್ಪ," ಅಂದಳು ಅವ್ವ. ನಾನು ಕೇಳಿರದ ಮಾತದು. ಸ್ವಲ್ಪ ಹೊತ್ತು ಬಿಟ್ಟು, "ಅವ್ರಿಗೆ ಕ್ಯಾಮ್ರಾ ಮುಂದೆ ನಾಚ್ಕೆ ಆಗಕಿಲ್ವಾ?"

ಆಗದಿರೋದಕ್ಕೆ ಕಾರಣ ವಾರ್ದಾನೇ ಅನ್ನಿಸುತ್ತೆ. ಆಕೆ ಕ್ಯಾಮೆರಾನ ತನ್ನ ಸುಕ್ಕುಗಟ್ಟಿದ ಕೈಗೂ ತಿರುಗಿಸ್ತಾರೆ. ನಾನೂ ಚಿತ್ರ ಆಯುವವಳೇ ಅಂತಾರೆ. ಎರಡು ವರ್ಷದ ಮೇಲೆ ಮತ್ತೆ ಅದೇ ಜನರನ್ನ ಹುಡುಕಿಕೊಂಡು ಹೋಗಿ ಇನ್ನೊಂದು ಚಿತ್ರವನ್ನೂ ಮಾಡಿದರು. ಅದನ್ನ ಅವ್ವ ಇನ್ನೂ ನೋಡಿಲ್ಲ. ಯುಗಾದಿಗೆ ಊರಿಗೆ ಹೋಗೋವಾಗ ಲ್ಯಾಪ್‌ಟಾಪ್ ಒಯ್ಯಬೇಕು.