ಮೊಳೆಗೆ ನೇತುಹಾಕಿದ ಕಾಲ

ನಿಮ್ಮ ಅಡುಗೆಮನೆಯ ಗೋಡೆಯನ್ನೊಮ್ಮೆ ನೋಡಿ. ಹಾಲಿನ ಲೆಕ್ಕ, ಗ್ಯಾಸ್ ಬಂದ ತಾರೀಖು ಬರೆದಿಟ್ಟ ಕ್ಯಾಲೆಂಡರಿನ ಪಕ್ಕದಲ್ಲಿ, ದಾರ ಕಟ್ಟಿ ಮೊಳೆಗೆ ನೇತುಹಾಕಿದ ಪಂಚಾಂಗವೂ ಇರಬೇಕಲ್ಲವೇ? ನಮ್ಮ ರಾಣೆಬೆನ್ನೂರಿನ ಮನೆಯಲ್ಲಿ ಗದಗಿನ ಶಾಬಾದಿಮಠದ್ದು ಇದೆ. ಮೈಸೂರು ಕಡೆಯ ಸೋದರಿಯರ ಮನೆಯಲ್ಲಿ ಒಂಟಿಕೊಪ್ಪಲಿನದು ಇದ್ದೀತು. ತಿಥಿ, ವಾರ, ನಕ್ಷತ್ರ, ಯೋಗ, ಕರಣ ಎಂಬ ಐದು ಅಂಗ ಸೇರಿ ಪಂಚಾಂಗ.

ನಾವು ಹೆಣ್ಣುಮಕ್ಕಳು ಈ ಪುಸ್ತಕವನ್ನು ಹೆದರಿಕೊಂಡೇ ತೆರೆಯುತ್ತೇವೆ. ಈಗ ಹೊರಡಬಾರದು, ಇವತ್ತು ಕೊಡಬಾರದು, ನಾಳೆ ತರಬಾರದು! ಆದರೆ ಇದನ್ನು ಲೆಕ್ಕ ಹಾಕಿ ಕಟ್ಟಿದವರು ಕಾಲಕ್ಕೆ ಹೆದರಿದವರಲ್ಲ. ಅದನ್ನು ಹಿಗ್ಗಿಸಿ, ಕುಗ್ಗಿಸಿ, ತಮಗೆ ಬೇಕಾದಂತೆ ಹೊಂದಿಸಿಕೊಂಡವರು.

ಅಧಿಕ ಮಾಸವನ್ನೇ ತಗೊಳ್ಳಿ. ಚಂದ್ರನ ಹನ್ನೆರಡು ತಿಂಗಳಿಗೆ ಸುಮಾರು 354 ದಿನ. ಸೂರ್ಯನ ವರ್ಷಕ್ಕೆ 365. ಪ್ರತಿ ವರ್ಷ 11 ದಿನ ಕಡಿಮೆ ಬೀಳುತ್ತದೆ. ಹಾಗೇ ಬಿಟ್ಟರೆ ಯುಗಾದಿ ಹಿಂದೆ ಸರಿಯುತ್ತಾ ಚಳಿಗಾಲಕ್ಕೆ ಹೋಗುತ್ತದೆ, ಬೇವಿನ ಹೂವು ಎಲ್ಲಿಂದ ತರೋಣ? ಅದಕ್ಕೇ ಸುಮಾರು 32-33 ತಿಂಗಳಿಗೊಮ್ಮೆ ಒಂದಿಡೀ ತಿಂಗಳನ್ನು ನಡುವೆ ಸೇರಿಸಿಬಿಟ್ಟರು. 2023ರಲ್ಲಿ ಶ್ರಾವಣ ಎರಡು ಸಲ, 2026ರಲ್ಲಿ ಜ್ಯೇಷ್ಠ ಎರಡು ಸಲ. ಅಳಿಯನಿಗೆ 33 ಅನಾರಸ ಕೊಡುವ ಖರ್ಚಿನ ತಿಂಗಳೆಂದು ನಾವು ನಿಟ್ಟುಸಿರು ಬಿಡುತ್ತೇವೆಯೇ ಹೊರತು, ಎಂಥ ಜಾಣ ಲೆಕ್ಕವಿದು ಎಂದು ಯೋಚಿಸುವುದಿಲ್ಲ.

ಬೇರೆ ದೇಶದವರೇನು ಕಡಿಮೆಯೇ? ಇಂಗ್ಲೆಂಡಿನವರು 1752ರಲ್ಲಿ ಸೆಪ್ಟೆಂಬರ್ 2ರ ಮಾರನೆಯ ದಿನವನ್ನೇ 14 ಎಂದು ಕರೆದು 11 ದಿನ ನುಂಗಿದರು. 1906ರಲ್ಲಿ ನಮ್ಮ ದೇಶಕ್ಕೆಲ್ಲ ಒಂದೇ ಗಡಿಯಾರ ಎಂದು ಗೊತ್ತುಮಾಡಿದರು. ಆ ಗಡಿಯಾರಕ್ಕಿಂತ ನಮ್ಮೂರಿನ ಸೂರ್ಯ ಸುಮಾರು 27 ನಿಮಿಷ ಹಿಂದೆ. ಗಡಿಯಾರದಲ್ಲಿ 12 ಹೊಡೆದಾಗ ನಮ್ಮ ಅಂಗಳದಲ್ಲಿ ಇನ್ನೂ ನಡುಮಧ್ಯಾಹ್ನ ಆಗಿರುವುದಿಲ್ಲ.

ಈ ಅರ್ಧ ಗಂಟೆ ನಮ್ಮ ಮನೆಯಲ್ಲಿ ಒಮ್ಮೆ ದೊಡ್ಡ ಮಾತಾಯಿತು. ಜೂನ್ ತಿಂಗಳ ಒಂದು ಬುಧವಾರ, ಮಗಳಿಗೆ ದಾವಣಗೆರೆಯಲ್ಲಿ ಕೆಲಸದ ಸಂದರ್ಶನ. ಬೆಳಿಗ್ಗೆ ಇಲ್ಲಿ ಕಾಲೇಜಿನ ಪರೀಕ್ಷೆ ಮುಗಿಸಿ, 12ಕ್ಕೆ ಮನೆ ಬಿಡಬೇಕು. ಕ್ಯಾಲೆಂಡರಿನಲ್ಲಿ ಬುಧವಾರದ ರಾಹುಕಾಲ 12ರಿಂದ 1-30. ಅತ್ತೆಯವರು ಹಿಂದಿನ ರಾತ್ರಿಯೇ ಎದ್ದು ಕೂತರು. "ರಾಹುಕಾಲದಾಗ ಹುಡುಗೀನ್ನ ಹೊರಗ ಕಳಸ್ತೀಯೇನವಾ? ಆ ಕೆಲಸ ಹ್ವಾದ್ರ ಹೋಗಲಿ ಬಿಡು" ಎಂದರು. ಮಗಳ ಕಣ್ಣಲ್ಲಿ ನೀರು.

ನಾನು ಪೆನ್ಸಿಲ್ ಹಿಡಿದು ಕೂತೆ. ಹಗಲನ್ನು ಎಂಟು ಪಾಲು ಮಾಡಿದರೆ ಅದರಲ್ಲೊಂದು ಪಾಲು ರಾಹುಕಾಲ. ಬುಧವಾರಕ್ಕೆ ಐದನೆಯ ಪಾಲು. ಕ್ಯಾಲೆಂಡರಿನವರು ಸೂರ್ಯ ಆರಕ್ಕೆ ಹುಟ್ಟಿ ಆರಕ್ಕೆ ಮುಳುಗುತ್ತಾನೆಂದು ಹಿಡಿದಿರುತ್ತಾರೆ. ಜೂನಿನಲ್ಲಿ ನಮ್ಮೂರಲ್ಲಿ ಹಗಲು ಬೆಳಿಗ್ಗೆ ಸುಮಾರು 6ರಿಂದ ಸಂಜೆ 7ರವರೆಗೆ, ಅಂದರೆ 13 ಗಂಟೆ. ನಾಲ್ಕು ಪಾಲು ಮುಗಿಯುವಷ್ಟರಲ್ಲಿ 12-30. ಮಗಳು ಹೊರಡುವ ಹೊತ್ತಿಗೆ ರಾಹುಕಾಲ ಇನ್ನೂ ಶುರುವೇ ಆಗಿರುವುದಿಲ್ಲ!

ಅತ್ತೆಯವರಿಗೆ ಲೆಕ್ಕ ತೋರಿಸಿದೆ. "ನಿನ್ನ ಲೆಕ್ಕ ಖರೇ ಇರಬಹುದವಾ, ನನ್ನ ಜೀವ ಕೇಳಬೇಕಲ್ಲ" ಎಂದರು. ಸ್ವಲ್ಪ ಹೊತ್ತು ಸುಮ್ಮನಿದ್ದು ಅವರೇ ದಾರಿ ಹೇಳಿದರು: "ಮುಂಜಾನೆ ಹೊತ್ತು ಚಲೋ ಐತಿ. ಆಕೀ ಚೀಲ ಆಚೀಮನ್ಯಾಗ ಇಟ್ಟು ಬಾ. ಪ್ರಸ್ಥಾನ ಇಟ್ಟಂಗಾತು."

ಪ್ರಸ್ಥಾನ ಇಡುವುದು ನಿಮಗೂ ಗೊತ್ತಿದ್ದೀತು. ಹೊರಡುವ ಹೊತ್ತು ಸರಿಯಿಲ್ಲದಿದ್ದರೆ, ಒಳ್ಳೆಯ ಹೊತ್ತಿನಲ್ಲಿ ಹೊರಡುವವರ ಬಟ್ಟೆಗಂಟನ್ನೋ, ತೆಂಗಿನಕಾಯನ್ನೋ ಬೇರೆಯವರ ಮನೆಯಲ್ಲಿ ಇಟ್ಟು ಬರುವುದು. ಪ್ರಯಾಣ ಆಗಲೇ ಶುರುವಾಯಿತೆಂದು ಲೆಕ್ಕ. ಶಾಸ್ತ್ರ ಹೇಳಿದವರೇ ಇಟ್ಟ ಹಿಂಬಾಗಿಲು ಇದು. ಬಾಗಿಲು ಮುಚ್ಚಿ ಹೆಣ್ಣುಮಗಳನ್ನು ಕೂರಿಸಲಿ ಎಂದಿದ್ದರೆ ಇದನ್ನೇಕೆ ಇಡುತ್ತಿದ್ದರು, ನೀವೇ ಹೇಳಿ.

ಮಗಳು ಹೋಗಿ ಬಂದಳು. ಆ ಕೆಲಸ ಸಿಗಲಿಲ್ಲ. ಅನುಭವ ಇದ್ದವರು ಬೇಕಂತೆ. ಅತ್ತೆಯವರು ರಾಹುವಿನ ಮಾತೆತ್ತಲಿಲ್ಲ. ಎರಡನೆಯ ಸಂದರ್ಶನದ ದಿನ "ಹೊತ್ತಾತು, ಬಸ್ ಹೋದೀತು" ಎಂದು ಅವರೇ ಅವಸರ ಮಾಡಿದರು. ಈಗ ಅವಳು ಕೆಲಸದಲ್ಲಿದ್ದಾಳೆ.

ನಮ್ಮ ಕಡೆಯ ರೈತರೂ ಪಂಚಾಂಗ ನೋಡುತ್ತಾರೆ. ರೋಹಿಣಿ, ಮೃಗಶಿರಾ, ಆರಿದ್ರಾ ಎಂದು ಮಳೆಗಳ ಹೆಸರು ಎಲ್ಲರ ಬಾಯಲ್ಲಿ. ಆದರೆ ಹೊಲ ಹದಕ್ಕೆ ಬಂದ ದಿನ ಯಾರೂ ಕೂರಿಗೆ ಕೆಳಗಿಡುವುದಿಲ್ಲ. ಹದ ಆರಿದರೆ ಬೀಜ ಹುಟ್ಟದು.

ಆದ್ದರಿಂದ ಸೋದರಿಯರೇ, ಪಂಚಾಂಗವನ್ನು ಮೊಳೆಯಿಂದ ತೆಗೆಯಬೇಡಿ. ಅದರಲ್ಲಿ ನಿಮ್ಮೂರಿನ ಸೂರ್ಯೋದಯ ಎಷ್ಟು ಹೊತ್ತಿಗೆಂದು ನೋಡಿಟ್ಟುಕೊಳ್ಳಿ. ಹಗಲನ್ನು ಎಂಟು ಪಾಲು ಮಾಡುವುದನ್ನು ಮಕ್ಕಳಿಗೆ ಕಲಿಸಿ, ಭಾಗಾಕಾರವೂ ಬಂದೀತು. ಮನೆಯ ಹಿರಿಯರು ಅಂಜಿದರೆ ವಾದ ಬೇಡ, ಪ್ರಸ್ಥಾನ ಇಡಿ. ಎದೆನೋವು, ಹೆರಿಗೆನೋವು, ಮಗುವಿನ ಜ್ವರ ಬಂದಾಗ ಮಾತ್ರ ಗೋಡೆಯ ಕಡೆ ತಿರುಗಿಯೂ ನೋಡಬೇಡಿ. ಚಪ್ಪಲಿ ಮೆಟ್ಟಿ ಆಸ್ಪತ್ರೆಗೆ ಹೊರಡಿ.